ಅತ್ತೆಯ ತಲೆಯಲ್ಲಿ ಕೊಬ್ಬರಿ ಎಣ್ಣೆಯ ನೊರೆ

ನಾನು ಬೆಳೆದದ್ದು ಹೊಳೆನರಸೀಪುರದಲ್ಲಿ, ಹೇಮಾವತಿಯ ನೀರಿನಲ್ಲಿ. ಯಾವ ಸೋಪು ತಿಕ್ಕಿದರೂ ಕೈತುಂಬ ನೊರೆ. ಅರವತ್ತರ ದಶಕದಲ್ಲಿ ಮದುವೆಯಾಗಿ ಚನ್ನರಾಯಪಟ್ಟಣದ ಕಡೆಯ ಹಳ್ಳಿಗೆ ಬಂದರೆ ಅಲ್ಲಿ ಬಾವಿಯ ಗಡಸು ನೀರು. ಸೋಪು ಒಡೆದ ಹಾಲಿನಂತೆ ತರಿತರಿಯಾಗಿ ಕೂದಲಿಗೆ ಅಂಟುತ್ತಿತ್ತು. ಸೀಗೆಪುಡಿ ಹಾಕಿದರೆ ಸಂಜೆವರೆಗೂ ನನ್ನ ಕಣ್ಣು ಕೆಂಪು. ನೋಡಿದವರು, ಸೊಸೆ ಯಾಕೆ ಅತ್ತಿದ್ದಾಳೆ ಎಂದು ಅತ್ತೆಯನ್ನೇ ವಿಚಾರಿಸುತ್ತಿದ್ದರು.

"ಇದಕ್ಕೇನಾರ ದಾರಿ ನೋಡವ್ವ. ನಾನು ನಿನ್ನ ಒಡೀತೀನಿ ಅಂತ ಊರೋರೆಲ್ಲ ಅಂದ್ಕಂಡವ್ರೆ," ಎಂದರು ಅತ್ತೆ.

ಹಾಸನದಲ್ಲಿ ಕಾಲೇಜು ಓದುವಾಗ ನಮ್ಮ ಮೇಡಂ ಒಬ್ಬರು ಸೋಪು ಮಾಡುವುದನ್ನು ಕಲಿಸಿದ್ದರು. ಕೊಬ್ಬರಿ ಎಣ್ಣೆಯ ಸೋಪು ಗಡಸು ನೀರಿನಲ್ಲೂ ನೊರೆ ಕೊಡುತ್ತದೆ ಎಂದಿದ್ದರು. ನಮ್ಮ ಅಟ್ಟದ ತುಂಬ ಕೊಬ್ಬರಿಯೇ. ಗಾಣದಲ್ಲಿ ಎಣ್ಣೆ ಆಡಿಸಿದೆವು. ನಮ್ಮವರು ಹಾಸನದಿಂದ ಕಾಸ್ಟಿಕ್ ಸೋಡ ತಂದರು. ಸೋಡ ಬಿದ್ದ ನೀರು ಒಲೆಯಿಲ್ಲದೆಯೇ ಕಾದು ಹೊಗೆಯಾಡಿದಾಗ ಅತ್ತೆ ನನ್ನ ಸೆರಗು ಹಿಡಿದು ಹಿಂದಕ್ಕೆಳೆದರು. ಅದು ತಣ್ಣಗಾದ ಮೇಲೆ ಎಣ್ಣೆಗೆ ಸುರಿದು, ಗಟ್ಟಿಯಾಗುವವರೆಗೆ ಇಬ್ಬರೂ ಸರದಿಯಲ್ಲಿ ಕೋಲಿನಿಂದ ಕಲಕಿದೆವು.

ಒಂದು ತಿಂಗಳು ಒಣಗಿಸಿದ್ದಾಯಿತು. ಅದನ್ನು ತುರಿದು ಬಿಸಿನೀರಿನಲ್ಲಿ ಕರಗಿಸಿ ನಾನು ತಲೆಗೆ ಹಾಕಿಕೊಳ್ಳಬೇಕು, ಅಷ್ಟರಲ್ಲಿ ಅತ್ತೆ ಚೊಂಬು ಕಿತ್ತುಕೊಂಡರು.

"ಏನಾರ ಆದ್ರೆ ನನ್ ತಲೆಗೇ ಆಗ್ಲಿ. ನೀನಿನ್ನೂ ಎಳೇ ಎಣ್ಣು."

ಎರಡು ಸಲ ಉಜ್ಜಿದ್ದೇ ತಡ, ಅವರ ಮುಖವೇ ಕಾಣದಷ್ಟು ನೊರೆ. "ನಿಲ್ತಾನೇ ಇಲ್ವಲ್ಲೇ!" ಎಂದು ನಗುತ್ತ ಬಚ್ಚಲಲ್ಲಿ ಕೂತೇ ಇದ್ದರು. ಆದರೆ ಒಣಗಿದ ಮೇಲೆ ಕೂದಲಲ್ಲಿ ಎಳ್ಳಷ್ಟೂ ಜಿಡ್ಡಿಲ್ಲ. ಹಿಂಜಿದ ಅರಳೆಯಂತೆ ಹರಡಿಕೊಂಡಿತು, ತುರುಬು ಕಟ್ಟಿದಷ್ಟೂ ಬಿಚ್ಚಿತು. ಅತ್ತೆ ಕನ್ನಡಿ ನೋಡಿಕೊಂಡು, "ಇಷ್ಟೊಂದು ಕೂದ್ಲೈತೇನೇ ನಂಗೆ?" ಎಂದು ಹಿಗ್ಗಿದರು.

ಮುಂದಿನ ಸಲ ಸೋಡ ಕಡಿಮೆ ಮಾಡಿ, ಸ್ವಲ್ಪ ಹರಳೆಣ್ಣೆ ಸೇರಿಸಿದೆ. ಆಗ ಕೂದಲು ನಯವಾಯಿತು. ನನ್ನ ಕಣ್ಣೂ ಕೆಂಪಾಗಲಿಲ್ಲ. ಬೀದಿಯ ಹೆಂಗಸರು ಬಟ್ಟಲು ಹಿಡಿದು ಬರತೊಡಗಿದರು. "ನಮ್ ಸೊಸೆ ಮಾಡಿದ್ದು ಕಣ್ರವ್ವಾ," ಎಂದು ಅತ್ತೆಯೇ ಹಂಚುವರು.

ಆ ಬೇಸಿಗೆ ಹಿರೀಸಾವೆಯಲ್ಲಿ ಅತ್ತೆಯ ತಂಗಿಯ ಮಗಳ ಮದುವೆ. ಅತ್ತೆ ಸೋಪನ್ನು ಟವೆಲಿನಲ್ಲಿ ಸುತ್ತಿಕೊಂಡು ಬಸ್ಸು ಹತ್ತಿದರು. ಬೆಳಿಗ್ಗೆ ಹಿತ್ತಿಲಲ್ಲಿ ಮದುಮಗಳಿಂದ ಹಿಡಿದು ಬೀಗಿತ್ತಿಯವರೆಗೆ ಎಲ್ಲರ ತಲೆಗೂ ತಾವೇ ನೀರು ಹಾಕಿದರು. ಗಂಡಿನ ಸೋದರಮಾವ ಬಂದು, "ಮೂರ್ತ ಮೀರ್ತೈತೆ, ಎಣ್ಣು ಕರ್ಕಂಬನ್ನಿ," ಎಂದು ಕೂಗಿದ.

ಅತ್ತೆ ಹಿತ್ತಿಲಿಂದಲೇ ಗದರಿದರು: "ತಡ್ಕಳಪ್ಪ ವಸಿ! ನಿಮ್ಮಕ್ಕನ ತಲೇನೇ ಇನ್ನೂ ಒಣಗಿಲ್ಲ!"