ಬೆರಳ ತುದಿಯ ಗೋರಂಟಿ

ಗೋರಂಟಿಯ ಬಣ್ಣ ಕಟ್ಟಿಸುವುದರಲ್ಲಿ ನನ್ನನ್ನು ಮೀರಿಸುವವರು ನಮ್ಮ ನೆಂಟರಲ್ಲಿ ಯಾರೂ ಇಲ್ಲ. ಹೀಗೆಂದು ಬಂದವರ ಮುಂದೆಲ್ಲ ಹೇಳಿಕೊಳ್ಳುತ್ತಿದ್ದೆ. ಮಗಳ ಹೆರಿಗೆಯಾದ ಮೇಲೆ ಹೇಳಿಕೊಳ್ಳುವುದನ್ನು ಬಿಟ್ಟಿದ್ದೇನೆ.

ಒಂಬತ್ತನೇ ತಿಂಗಳಲ್ಲಿ ಅವಳ ಸೀಮಂತ ಇಟ್ಟುಕೊಂಡಿದ್ದೆವು. ಪಾರ್ಲರಿನ ಹುಡುಗಿಯನ್ನು ಕರೆಸಿ ಕೋನಿನಲ್ಲಿ ಮೆಹಂದಿ ಹಾಕಿಸಿಕೊಳ್ಳಬೇಕೆಂದು ಅವಳ ಆಸೆ. ಅದರೊಳಗೆ ಏನು ಬೆರೆಸಿರುತ್ತಾರೋ, ಬಸುರಿಗೆ ಬೇಡವೇ ಬೇಡ ಎಂದು ನಾನು ಪಟ್ಟು ಹಿಡಿದೆ. ಮೂಡಲಪಾಳ್ಯದ ನಮ್ಮ ಮನೆಯಿಂದ ಆಟೋ ಹಿಡಿದು ಮಲ್ಲತ್ತಹಳ್ಳಿಗೆ ಹೋಗಿ, ಗೆಳತಿಯ ಕಾಂಪೌಂಡಿನ ಗಿಡದಿಂದ ಒಂದು ಚೀಲ ಸೊಪ್ಪು ಬಿಡಿಸಿ ತಂದೆ. ಹುಣಸೆಹಣ್ಣು, ಚೂರು ಕಾಚು, ನಿಂಬೆರಸ ಹಾಕಿ ಒರಳಿನಲ್ಲೇ ನುಣ್ಣಗೆ ಅರೆದೆ. ಅಂಗೈ ನಡುವೆ ದೊಡ್ಡ ಚಂದ್ರ, ಸುತ್ತ ಚುಕ್ಕಿ, ಹತ್ತು ಬೆರಳಿಗೂ ಉಗುರು ಮುಚ್ಚುವ ಹಾಗೆ ಟೋಪಿ. ಕಾಲಿನ ಬೆರಳುಗಳನ್ನೂ ಬಿಡಲಿಲ್ಲ.

ಒಣಗುತ್ತಾ ಬಂದಾಗ ಸಕ್ಕರೆ ಕಲಸಿದ ನಿಂಬೆರಸವನ್ನು ಹತ್ತಿಯಲ್ಲಿ ಅದ್ದಿ ಒತ್ತಿದೆ. ಉದುರಿಸಿದ ಮೇಲೆ ನೀರು ಮುಟ್ಟಲು ಬಿಡದೆ, ಕಾವಲಿಯ ಮೇಲೆ ಲವಂಗ ಹಾಕಿ ಆ ಹೊಗೆಗೆ ಕೈ ಹಿಡಿಸಿದೆ. ಬಣ್ಣ ಕೆಂಪಗೆ ಬಂದಿತ್ತು. ನನಗೆ ಸಾಲಲಿಲ್ಲ. ಬೆರಳಿಗೆ ಇನ್ನೊಂದು ಸುತ್ತು ಮೆತ್ತಿದೆ.

"ಅಮ್ಮ, ಸಾಕು. ಬೆನ್ನು ನೋಯ್ತಾ ಇದೆ" ಅಂದಳು.

"ಇನ್ನೊಂದು ಗಂಟೆ ಸುಮ್ನೆ ಕೂತ್ಕೊಳೇ. ನಾಳೆ ನಿಮ್ಮತ್ತೆ ಕಡೆಯವರೆಲ್ಲ ನಿನ್ನ ಕೈನೇ ನೋಡೋದು" ಎಂದು ಗದರಿದೆ.

ಮಾರನೆಯ ದಿನ ಬೆರಳ ತುದಿಗಳು ಕಪ್ಪೇ ಅನ್ನುವಷ್ಟು ಗಾಢವಾಗಿದ್ದವು. ಬೀಗಿತ್ತಿ ಅವಳ ಕೈ ಹಿಡಿದು ಎಲ್ಲರಿಗೂ ತೋರಿಸಿದರು. ನಾನು ಹಿಗ್ಗಿ ಹೀರೇಕಾಯಿಯಾದೆ.

ಸೀಮಂತ ಮುಗಿದ ಮೂರನೆಯ ದಿನ ಬೆಳಗ್ಗೆ ಕಾಫಿ ಕುಡಿಯುವಾಗ ಅವಳಿಗೆ ನೋವು ಶುರುವಾಯಿತು. ಅಳಿಯ ಕೆಂಗೇರಿಯ ತಮ್ಮ ಮನೆಯಲ್ಲಿದ್ದರು. ಅವರಿಗೆ ಫೋನ್ ಮಾಡಿ, ಎರಡು ಬೀದಿ ಆಚೆಯ ನರ್ಸಿಂಗ್ ಹೋಮಿಗೆ ನಾನೇ ಕರೆದುಕೊಂಡು ಹೋದೆ. ಡಾಕ್ಟರು ಪರೀಕ್ಷೆ ಮಾಡಿ, ಎಲ್ಲ ಸರಿಯಾಗಿದೆ, ಇನ್ನೂ ಹೊತ್ತಿದೆ ಅಂದರು. ಆಮೇಲೆ ಚಿಕ್ಕ ವಯಸ್ಸಿನ ನರ್ಸ್ ಒಬ್ಬಳು ಬಂದು ಮಗಳ ಬೆರಳಿಗೆ ಆಕ್ಸಿಜನ್ ನೋಡುವ ಕ್ಲಿಪ್ ಸಿಕ್ಕಿಸಿದಳು.

ಎಂಬತ್ತೆರಡು.

ಕೊರೊನಾ ಬಂದಾಗಿನಿಂದ ಆ ಕ್ಲಿಪ್ಪಿನ ಭಾಷೆ ನಮಗೆಲ್ಲ ಗೊತ್ತು. ನನ್ನ ಅಕ್ಕನ ಬೆರಳಲ್ಲಿ ಎಂಬತ್ತನಾಲ್ಕು ತೋರಿಸಿದ ದಿನ ಅವಳನ್ನು ಆಸ್ಪತ್ರೆಗೆ ಕರೆದೊಯ್ದಿದ್ದೆವು. ಅವಳು ಮನೆಗೆ ಬರಲಿಲ್ಲ. ಇಲ್ಲಿ ಅದಕ್ಕಿಂತಲೂ ಕಡಿಮೆ. ನೋಡುತ್ತಿದ್ದಂತೆ ಅದು ಎಂಬತ್ತಾಯಿತು, ಎಪ್ಪತ್ತೊಂಬತ್ತಾಯಿತು.

ನರ್ಸ್ ಕೂಗಿದಳು. ಡಾಕ್ಟರು ಓಡಿ ಬಂದು ಮಗಳ ಮುಖಕ್ಕೆ ಆಕ್ಸಿಜನ್ ಮಾಸ್ಕ್ ಹಾಕಿಸಿದರು. "ಮಾಸ್ಕ್ ಹಾಕಿದ್ರೂ ಏರದೆ ಇದ್ರೆ ದೊಡ್ಡ ಆಸ್ಪತ್ರೆಗೆ ಕಳಿಸ್ಬೇಕಾಗುತ್ತೆ, ಆಂಬುಲೆನ್ಸಿಗೆ ಹೇಳಿ" ಅಂದರು. ಮಗಳು ತಲೆ ಅಲ್ಲಾಡಿಸುತ್ತಾ ಮಾಸ್ಕ್ ಎಳೆಯಲು ಕೈ ಎತ್ತಿದಳು. ನಾನು ಎರಡೂ ಕೈಯನ್ನು ಮಂಚಕ್ಕೆ ಒತ್ತಿ ಹಿಡಿದೆ. "ತೆಗೀಬೇಡ ಕಣೇ, ನಿನ್ನ ದಮ್ಮಯ್ಯ" ಅಂದೆ. ಕಣ್ಣು ಮಾತ್ರ ಆ ಕೆಂಪು ಅಂಕಿಯ ಮೇಲೆಯೇ. ಮಗು, ತಾಯಿ ಇಬ್ಬರೂ ನನ್ನ ಕಣ್ಣೆದುರೇ ಹೋಗುತ್ತಿದ್ದಾರೆ ಅನ್ನಿಸಿತು.

ಆಗ ಹಿರಿಯ ನರ್ಸ್ ಬಂದರು. ಮಗಳ ಕೈ ನನ್ನಿಂದ ಬಿಡಿಸಿಕೊಂಡು, ಕಿಟಕಿಯ ಬೆಳಕಿಗೆ ಹಿಡಿದು ನೋಡಿದರು.

"ಏನ್ ಆಂಟಿ ಇದು, ಉಗುರಿಗೆಲ್ಲ ಗೋರಂಟಿ?"

"ಸೀಮಂತಕ್ಕೆ ನಾನೇ ಹಚ್ಚಿದ್ದು" ಅಂದೆ.

ಅವರು ಸೀರೆಯ ನೆರಿಗೆ ಸರಿಸಿ ಕಾಲಿನ ಬೆರಳು ನೋಡಿದರು. ಅಲ್ಲೂ ಅದೇ. ಕಿವಿಗೆ ಹಾಕುವ ಬೇರೆ ಕ್ಲಿಪ್ ತಂದು ಓಲೆ ಬಿಚ್ಚಿ ಹಾಲೆಗೆ ಸಿಕ್ಕಿಸಿದರು. ತೊಂಬತ್ತೆಂಟು. ಮಾಸ್ಕ್ ತೆಗೆದು ಸ್ವಲ್ಪ ಹೊತ್ತು ಕಾದರು. ಆಗಲೂ ತೊಂಬತ್ತೆಂಟೇ.

"ಇಷ್ಟು ಕಪ್ಪಾದ್ರೆ ಕೆಲವು ಸಲ ಮಷೀನಿಗೆ ಸರಿಯಾಗಿ ತಿಳಿಯಲ್ಲ. ನಿಮ್ಮ ಮಗಳು ಚೆನ್ನಾಗಿದಾರೆ" ಅಂದರು. ಡಾಕ್ಟರು ನನ್ನ ಕಡೆ ಒಂದು ಸಲ ನೋಡಿ, ಆಂಬುಲೆನ್ಸ್ ಬೇಡವೆಂದು ಹೇಳಿ ಹೊರಗೆ ಹೋದರು. ಭಯ ಇಳಿದ ಮೇಲೆ ನಾಚಿಕೆ ಹತ್ತಿಕೊಂಡಿತು. ನನ್ನ ಜಂಬಕ್ಕೆ ಅವಳನ್ನು ಸಾವಿನ ಹೆದರಿಕೆಯಲ್ಲಿ ಮಲಗಿಸಿದೆನಲ್ಲ ಎಂದು ನನ್ನನ್ನೇ ಬೈದುಕೊಂಡೆ.

ಮಧ್ಯಾಹ್ನ ಹೆಣ್ಣು ಮಗು ಹುಟ್ಟಿತು. ಹೆರಿಗೆ ಸುಖವಾಗಿಯೇ ಆಯಿತು. ಅಳಿಯ ಮಗುವನ್ನು ನೋಡಲು ಹೋದಾಗ ನಾನು ಮಗಳ ಪಕ್ಕ ಕೂತು, "ತುಂಬಾ ಹೆದರಿಸಿಬಿಟ್ಟೆ, ತಪ್ಪಾಯ್ತು ಕಣೇ" ಅಂದೆ.

"ನಂಗೇನೂ ಹೆದರಿಕೆ ಆಗ್ಲಿಲ್ಲ" ಅಂದಳು. ಸುಸ್ತಾಗಿದ್ದಳು, ಸಿಟ್ಟೇನೂ ಇರಲಿಲ್ಲ. "ಉಸಿರು ಚೆನ್ನಾಗೇ ಆಡ್ತಾ ಇತ್ತು. ನಾನು ಚೆನ್ನಾಗಿದೀನಿ ಅಂತ ಮಾಸ್ಕ್ ಒಳಗಿಂದ ಎಷ್ಟು ಸಲ ಹೇಳ್ದೆ ಗೊತ್ತಾ? ಅವರು ಬಿಡು, ಹೊರಗಿನವರು. ನೀನೂ ಆ ನಂಬರನ್ನೇ ನೋಡ್ತಾ ಇದ್ದೆ."

ನೋವು ತಿನ್ನುತ್ತಿದ್ದವಳ ಎರಡೂ ಕೈಗಳನ್ನು ಒತ್ತಿ ಹಿಡಿದಿದ್ದವಳು ನಾನೇ. ಅವಳ ಮುಖ ನೋಡಿದೆ. ಆ ಬೆಳಗ್ಗಿನಿಂದ ಸರಿಯಾಗಿ ನೋಡಿದ್ದು ಅದೇ ಮೊದಲು.