ಬಲಗಡೆಯವರು ನಿನ್ನ ನೆಂಟರಾ?

ಹೋದ ವರ್ಷದ ಶ್ರಾವಣದಲ್ಲಿ ನಡೆದದ್ದು. ಎರಡನೇ ಶನಿವಾರವೋ ಮೂರನೆಯದೋ ಮರೆತಿದೆ. ಶನಿವಾರ ಅನ್ನುವುದನ್ನು ಮಾತ್ರ ಸಾಯುವವರೆಗೆ ಮರೆಯುವುದಿಲ್ಲ. ಅವತ್ತು ಶ್ರಾವಣ ಶನಿವಾರ ಅನ್ನುವುದು ನನಗೆ ಬೆಳಿಗ್ಗೆಯೇ ಹೊಳೆದಿದ್ದರೆ ಇದನ್ನು ಬರೆಯುವ ಪ್ರಸಂಗವೇ ಬರುತ್ತಿರಲಿಲ್ಲ.

ಕೊರಟಗೆರೆಯಲ್ಲಿ ನಮ್ಮದೊಂದು ಕೃಷಿ ಯಂತ್ರಗಳ ಅಂಗಡಿ ಇದೆ. ಬಿಲ್ಲು ಬರೆಯುವುದು ನಮ್ಮನೆಯವರು, ಮಾರುವುದು ನಾನು. ವಯಸ್ಸು ನಲವತ್ತೇಳು, ಬಾಯಿ ಸ್ವಲ್ಪ ಜೋರು. ಆದರೂ ಅಂಗಡಿಗೆ ಬಂದ ಗಂಡಸರು ಮೊದಲು ಕೇಳುವುದು ಯಜಮಾನರು ಇಲ್ಲವಾ ಅಂತಲೇ. ಇದ್ದಾರೆ, ಒಳಗೆ ಕಾಫಿ ಮಾಡುತ್ತಿದ್ದಾರೆ ಅನ್ನುತ್ತೇನೆ. ಅರ್ಧ ಜನ ನಗುತ್ತಾರೆ, ಇನ್ನರ್ಧ ಜನ ಕಾಫಿಗೆ ಕಾಯುತ್ತಾರೆ.

ಇಷ್ಟು ವರ್ಷ ಈ ವ್ಯಾಪಾರ ಮಾಡಿದ ಮೇಲೆ ಯಾವುದು ಓಡುತ್ತದೆ, ಯಾವುದು ಮಲಗುತ್ತದೆ ಅನ್ನುವುದು ಸ್ವಲ್ಪ ಗೊತ್ತಾಗುತ್ತದೆ. ಔಷಧಿ ಹೊಡೆಯುವ ಪಂಪಿನ ಕಾಲ ಮುಗಿಯುತ್ತಾ ಬಂತು, ಎಲ್ಲರ ಮನೆಯಲ್ಲೂ ಒಂದು ಇದೆ. ಡ್ರೋನು ಸಮಾರಂಭಕ್ಕೆ ಬರುತ್ತದೆ, ಹಾರುತ್ತದೆ, ಎಲ್ಲರೂ ವಿಡಿಯೊ ಮಾಡಿಕೊಳ್ಳುತ್ತಾರೆ, ಅದು ಡಬ್ಬದೊಳಗೆ ಕೂತು ವಾಪಸ್ ಹೋಗುತ್ತದೆ. ರೈತರು ನಿಜವಾಗಿ ಗೋಳಾಡುವುದು ಒಂದೇ ವಿಷಯಕ್ಕೆ: ಗೊಬ್ಬರ ಎರಚಲು ಆಳು ಸಿಗುವುದಿಲ್ಲ. ಸಿಕ್ಕರೂ ಬಿಸಿಲೇರುವ ಹೊತ್ತಿಗೆ ಮನೆಗೆ ಹೋಗಿರುತ್ತಾರೆ.

ಹಾಗಾಗಿ ನಾನು ಹಟ ಮಾಡಿ ಗೊಬ್ಬರ ಎರಚುವ ಮಷೀನು ನಾಲ್ಕು ತರಿಸಿದೆ. ಟ್ರ್ಯಾಕ್ಟರ್ ಹಿಂದಕ್ಕೆ ಸಿಕ್ಕಿಸುವಂಥದ್ದು. ನೋಡಲು ದೊಡ್ಡ ಕೋನ್ ಐಸ್‌ಕ್ರೀಮಿನ ಹಾಗೆ ಹಳದಿ ಡ್ರಮ್ಮು, ಬುಡದಲ್ಲಿ ಗಿರ್ರನೆ ತಿರುಗುವ ಚಕ್ರ. ಮೇಲಿಂದ ಕಾಳು ಗೊಬ್ಬರ ಸುರಿದರೆ ಎರಡೂ ಕಡೆಗೆ ಎರಚಿಕೊಂಡು ಹೋಗುತ್ತದೆ.

ಆರು ತಿಂಗಳಾದರೂ ಒಂದೂ ಹೋಗಲಿಲ್ಲ. ಕೊರಟಗೆರೆಯವರು ಮಷೀನಿನ ಹೆಸರು ಕೇಳುವ ಮೊದಲು ಸಬ್ಸಿಡಿ ಎಷ್ಟು ಅಂತ ಕೇಳಿದರು. ಸಿರಾದವರು ಗ್ಯಾರಂಟಿ ಪಕ್ಕಾನಾ ಅಂತ ಮೂರು ಸಲ ಕೇಳಿ, ಪಕ್ಕಾ ಅಂದ ಮೇಲೆ ಹೊರಟುಹೋದರು. ಮಧುಗಿರಿಯವರು ಬಣ್ಣದ ಪಾಂಪ್ಲೆಟ್ಟನ್ನು ಮಡಿಚಿ ಜೇಬಿಗಿಟ್ಟುಕೊಂಡರು. ಪಾವಗಡದವರು ತೆಲುಗಿನಲ್ಲಿ ತಮ್ಮತಮ್ಮಲ್ಲೇ ಚೌಕಾಸಿ ಮಾಡಿಕೊಂಡು, ಕೊನೆಗೆ ಒಂದು ನೈಲಾನ್ ಹಗ್ಗ ತಗೊಂಡು ಹೋದರು.

ನಮ್ಮನೆಯವರು ಡ್ರಮ್ಮಿನೊಳಗೆ ಇಣುಕಿ, "ರಾಗಿ ತುಂಬಿಡೋಕೆ ಚೆನ್ನಾಗೈತೆ ಬುಡು" ಅಂದರು. ಆಮೇಲೆ ನಗು ನಿಲ್ಲಿಸಿ ಇನ್ನೊಂದು ಮಾತು ಸೇರಿಸಿದರು. ಶ್ರಾವಣ ಮುಗಿಯುವುದರೊಳಗೆ ಒಂದಾದರೂ ಹೋಗದಿದ್ದರೆ ನಾಲ್ಕೂ ವಾಪಸ್, ಇನ್ನು ಮುಂದೆ ಅಂಗಡಿಗೆ ಏನು ತರಿಸಬೇಕು ಅನ್ನುವುದನ್ನು ಅವರೇ ನೋಡಿಕೊಳ್ಳುತ್ತಾರಂತೆ. ನನಗೆ ಮಷೀನು ವಾಪಸ್ ಹೋಗುವುದಕ್ಕಿಂತ ಆ ಎರಡನೇ ಮಾತು ಚುಚ್ಚಿತು. ಅಂಗಡಿಗೆ ಏನು ಬರಬೇಕು ಅಂತ ಹೇಳುವ ಹಕ್ಕು ಒಂದೇ ದಿನದಲ್ಲಿ ನನಗೆ ಬಂದದ್ದಲ್ಲ.

ಆಗ ಸಿಕ್ಕಿದವರು ಬಡವನಹಳ್ಳಿ ಹತ್ತಿರದ ಶಿವಣ್ಣ. ಅಲ್ಲಿನ ರೈತರ ಗುಂಪಿನ ಅಧ್ಯಕ್ಷರು. ಗುಂಪಿನವರು ಮಷೀನು ಕೊಂಡು ಊರವರಿಗೆ ಬಾಡಿಗೆಗೆ ಕೊಡುತ್ತಾರೆ. ಆದರೆ ಶಿವಣ್ಣ ಒಮ್ಮೆ ಬೆರಳು ಸುಟ್ಟುಕೊಂಡವರು. ಹಿಂದಿನ ವರ್ಷ ಎಲ್ಲಿಂದಲೋ ಬಾಡಿಗೆಗೆ ತಂದ ಮಷೀನು ಒಂದು ಕಡೆ ಹೆಚ್ಚು, ಒಂದು ಕಡೆ ಕಮ್ಮಿ ಎರಚಿ, ಅವರ ರಾಗಿ ಹೊಲ ಒಂದು ಪಟ್ಟೆ ಹಸಿರು ಒಂದು ಪಟ್ಟೆ ಹಳದಿಯಾಗಿ ಜಮಖಾನದ ಹಾಗೆ ಬಂದಿತ್ತಂತೆ. ದಾರಿಯಲ್ಲಿ ಹೋಗುವ ಬಸ್ಸಿನವರೆಲ್ಲ ನೋಡಿ ನಕ್ಕಿದ್ದರಂತೆ. ಅದಕ್ಕೆ ಅವರು ಎರಡೂ ಕಡೆ ಸಮವಾಗಿ ಬೀಳುವುದನ್ನು ಕಣ್ಣಾರೆ ತೋರಿಸಿದರೆ ತಗೊಳ್ಳುತ್ತೇವೆ, ಇಲ್ಲದಿದ್ದರೆ ಇಲ್ಲ ಅಂತ ಖಡಾಖಂಡಿತ ಹೇಳಿದರು.

ಕಂಪನಿಯವನಿಗೆ ಫೋನು ಮಾಡಿದೆ. ಹೊಲದಲ್ಲಿ ಟ್ರ್ಯಾಕ್ಟರಿಗೆ ದಾರಿ ಬಿಟ್ಟು ಎಡಕ್ಕೂ ಬಲಕ್ಕೂ ಸಾಲಾಗಿ ಟ್ರೇ ಇಡಿ, ನಡುವೆ ಗಾಡಿ ಓಡಿಸಿ, ಯಾವ ಟ್ರೇಯಲ್ಲಿ ಎಷ್ಟು ಬಿತ್ತು ನೋಡಿ ಅಂದ. ಅಷ್ಟು ಟ್ರೇ ನಾನೆಲ್ಲಿ ತರಲಿ. ಬಡವನಹಳ್ಳಿಯಲ್ಲಿ ಒಂದು ಕಟ್ಟು ಊಟದ ಎಲೆ ತಗೊಂಡೆ.

ಶಿವಣ್ಣನ ಹೊಲ ರಸ್ತೆ ಪಕ್ಕದಲ್ಲೇ. ಹುರುಳಿ ಬಿತ್ತಲು ಉತ್ತು ಹಸನು ಮಾಡಿ ಬಿಟ್ಟಿದ್ದರು. ನಡುವೆ ದಾರಿ ಬಿಟ್ಟು ಎರಡೂ ಕಡೆ ಉದ್ದಕ್ಕೆ ಎಲೆ ಹಾಕಿದೆ. ಗಾಳಿಗೆ ಹಾರದಿರಲಿ ಅಂತ ಒಂದೊಂದು ಎಲೆಯ ತುದಿಗೆ ಒಂದೊಂದು ಕಲ್ಲು ಇಟ್ಟೆ. ಕಾಳು ಬಿದ್ದು ಪುಟಿಯದಿರಲಿ ಅಂತ ಚೊಂಬಿನಲ್ಲಿ ನೀರು ತಂದು ಎಲೆಗಳ ಮೇಲೆ ಚಿಮುಕಿಸಿದೆ. ಹೊಸ ಮಷೀನಲ್ಲವಾ, ಚೆಂಡು ಹೂವಿನ ಹಾರ ಹಾಕಿ ಊದುಬತ್ತಿ ಹಚ್ಚಿದೆ. ರಸ್ತೆಗೆ ಕಾಣುವ ಹಾಗೆ 'ಎಲ್ಲರಿಗೂ ಆದರದ ಸ್ವಾಗತ' ಅಂತ ಬ್ಯಾನರ್ ಬೇರೆ ಕಟ್ಟಿದ್ದೆ.

ಈಗ ಬರೆಯುವಾಗ ನನಗೇ ಕಾಣುತ್ತಿದೆ. ಅವತ್ತು ಕಾಣಲಿಲ್ಲ.

ನಾನೂ ಶಿವಣ್ಣನೂ ಹೊಲದ ಆ ತುದಿಗೆ ಹೋಗಿ ಟ್ರ್ಯಾಕ್ಟರಿಗೆ ಮಷೀನು ಸಿಕ್ಕಿಸುತ್ತಿದ್ದೆವು. ಒಂದು ಕಡೆ ಪಿನ್ನು ಕೂರುತ್ತಲೇ ಇರಲಿಲ್ಲ, ಅದರ ಜೊತೆ ಗುದ್ದಾಡುತ್ತಿದ್ದಾಗ ಹಿಂದಿನಿಂದ "ಗೋವಿಂದಾ, ಗೋವಿಂದ" ಅಂತ ಕೇಳಿಸಿತು. ತಿರುಗಿ ನೋಡಿದೆ. ರಸ್ತೆಯಲ್ಲಿ ಒಂದು ಲಗೇಜ್ ಗಾಡಿ ನಿಂತಿತ್ತು. ಜನ ಬೋರ್‌ವೆಲ್ ಪೈಪಿನಲ್ಲಿ ಕೈಕಾಲು ತೊಳೆದುಕೊಂಡು, ನನ್ನ ಎಲೆಗಳ ಮುಂದೆ ಸಾಲಾಗಿ ಚಕ್ಕಳಮಕ್ಕಳ ಹಾಕಿ ಕೂತಿದ್ದರು. ಎಣಿಸಿದೆ, ಮೂವತ್ತೆರಡು ಜನ.

ಆಗ ತಲೆಗೆ ಹೊಳೆಯಿತು, ಶ್ರಾವಣ ಶನಿವಾರ. ಊರೂರಲ್ಲಿ ಹರಿಸೇವೆ ಮಾಡಿ ದಾರಿಯಲ್ಲಿ ಹೋಗುವವರನ್ನು ಕರೆದು ಊಟ ಹಾಕುವ ದಿನ.

ಹತ್ತಿರ ಹೋದೆ. ಅವರ ಪೈಕಿ ಹಿರಿಯರೊಬ್ಬರು ಕೈ ಮುಗಿದು, ಸಿರಾ ಕಡೆ ದೇವರಿಗೆ ಹೋಗಿದ್ದೆವು, ವಾಪಸ್ ಪಾವಗಡದ ಕಡೆ ಹೋಗುತ್ತಿದ್ದೇವೆ ಅಂದರು. "ತೊಂದರೇಮೀ ಲೇದು ಅಕ್ಕಾ, ನಿದಾನಕ್ಕೇ ಬಡ್ಸಿ. ನಮಗೇನು ಅವಸರ ಇಲ್ಲ" ಅಂದರು.

ಇದು ಊಟಕ್ಕಲ್ಲ, ಗೊಬ್ಬರಕ್ಕೆ ಹಾಕಿದ ಎಲೆ ಅಂತ ಹೇಳಲು ಬಾಯಿ ತೆರೆದೆ. ಎಡಗಡೆ ಸಾಲಿನ ಮೊದಲ ಎಲೆಗೆ ಕೂತಿದ್ದ ಅಜ್ಜಿಯೊಬ್ಬಳು ತಲೆಯೆತ್ತಿದಳು. ಹೆಸರು ನಿಂಗಜ್ಜಿ ಅಂತ ಆಮೇಲೆ ಗೊತ್ತಾಯಿತು.

"ಇವತ್ತು ಒಪ್ಪತ್ತು ಕಣಮ್ಮ. ಬೆಳಗ್ಗಿಂದ ಕಾಫೀನೂ ಕುಡ್ದಿಲ್ಲ. ಹಸ್ಕಂಡೇ ಊರು ಸೇರ್ಬೇಕೇನೋ ಅನ್ಕಂಡಿದ್ದೆ, ನಿನ್ನ ಎಲೆ ಕಂಡ್ವು."

ನನ್ನ ಬಾಯಿ ಮುಚ್ಚಿತು. ನಲವತ್ತೇಳು ವರ್ಷದಲ್ಲಿ ಅದು ಅಷ್ಟು ಸಲೀಸಾಗಿ ಮುಚ್ಚಿದ್ದು ಅದೇ ಮೊದಲು.

ಶಿವಣ್ಣ ನನ್ನನ್ನು ಟ್ರ್ಯಾಕ್ಟರ್ ಮರೆಗೆ ಕರೆದುಕೊಂಡು ಹೋದರು. ಮುಖ ಬಿಳುಚಿಕೊಂಡಿತ್ತು. ಎಲೆ ಮುಂದೆ ಕೂತವರನ್ನು ಉಣಿಸದೆ ಎಬ್ಬಿಸುವ ಪದ್ಧತಿ ನಮ್ಮ ಕಡೆ ಇಲ್ಲ. ಅದೂ ಶ್ರಾವಣ ಶನಿವಾರ, ಅದೂ ಅವರ ಹೊಲದಲ್ಲಿ.

"ಅಕ್ಕಾ, ಇವ್ರು ಹಸ್ಕಂಡು ಎದ್ದೋದ್ರೆ ಈ ಹೊಲದಾಗೆ ನಾನು ಹುರುಳಿ ಹೆಂಗೆ ಬಿತ್ಲಿ? ಮಷೀನು ಆಮ್ಯಾಕೆ. ಮೊದ್ಲು ಅನ್ನ."

ಅವರ ಹೆಂಡತಿ ಲಕ್ಷ್ಮಮ್ಮನಿಗೆ ಫೋನು ಹೋಯಿತು. ಆಯಮ್ಮ ಬೈದದ್ದು ಫೋನಿನಿಂದ ಮೂರು ಮಾರು ದೂರ ನಿಂತ ನನಗೂ ಕೇಳಿಸಿತು. ಆದರೆ ಬೈಯುತ್ತಲೇ ಒಲೆ ಹಚ್ಚಿದ್ದಳು. ನಾನೂ ಓಡಿಹೋಗಿ ತರಕಾರಿ ಹೆಚ್ಚಿಕೊಟ್ಟು ಬಂದೆ. ಅನ್ನ ಬೇಯುವವರೆಗೆ ಆ ಮೂವತ್ತೆರಡು ಜನಕ್ಕೂ ಬೇರೆ ಕೆಲಸವಿರಲಿಲ್ಲ. ಒಬ್ಬ ಹಾರ ಹಾಕಿಸಿಕೊಂಡು ನಿಂತಿದ್ದ ಡ್ರಮ್ಮಿನ ಕಡೆ ತೋರಿಸಿ, ಭಕ್ತಿಯಿಂದಲೇ, ಅದು ಯಾವ ದೇವರು ಅಂತ ಕೇಳಿದ. ಗೊಬ್ಬರದ ಮಷೀನು, ಹೊಸದು, ಪೂಜೆ ಮಾಡಿದ್ದೇವೆ ಅಂದೆ. ಸುಳ್ಳೇನೂ ಹೇಳಲಿಲ್ಲ.

ಒಂದೂವರೆ ಗಂಟೆಗೆ ಅನ್ನ, ಬೇಳೆ ಸಾರು, ಬೆಲ್ಲದ ಪಾಯಸ ಬಂತು. ಬಡಿಸಲು ನಿಂತವರು ಲಕ್ಷ್ಮಮ್ಮ ಮತ್ತು ನಾನು. ಅನ್ನದ ಬಕೆಟ್ಟು ಭಾರ. ಎಡಗೈಯಲ್ಲಿ ಅದನ್ನು ಸೊಂಟಕ್ಕೆ ಆನಿಸಿಕೊಂಡು ಬಲಗಡೆಗೆ ವಾಲಿಸಿ, ಬಲಗೈಯಲ್ಲಿ ಬಡಿಸುತ್ತಾ ಟ್ರ್ಯಾಕ್ಟರಿಗೆ ಅಂತ ಬಿಟ್ಟಿದ್ದ ದಾರಿಯಲ್ಲೇ ನಡೆದೆ. ನಡುವೆ ನಮ್ಮನೆಯವರ ಫೋನು, ಏನಾದರೂ ಹೋಯಿತಾ ಅಂತ. ಒಂದು ಕೊಳಗ ಅನ್ನ ಹೋಯಿತು, ಮಷೀನು ಇಲ್ಲೇ ಇದೆ ಅಂದು ಇಟ್ಟೆ.

ನಿಂಗಜ್ಜಿ ಎದುರು ಸಾಲಿನ ಎಲೆಗಳನ್ನೂ ತನ್ನ ಎಲೆಯನ್ನೂ ನೋಡಿದಳು.

"ಏನವ್ವಾ, ಬಲಗಡೇರು ನಿನ್ನ ನೆಂಟ್ರಾ?"

ನೋಡಿದರೆ ಹೌದು. ಬಲಗಡೆಯವರ ಎಲೆಯಲ್ಲಿ ಗುಡ್ಡೆ ಗುಡ್ಡೆ ಅನ್ನ, ಎಡಗಡೆಯವರಿಗೆ ಮಗುವಿಗೆ ಹಾಕಿದ ಹಾಗೆ. ಪಂಕ್ತಿಭೇದ ಮಾಡಿದವಳು ಅನ್ನಿಸಿಕೊಂಡೆನಲ್ಲ ಅಂತ ಕಿವಿ ಬಿಸಿಯಾಯಿತು. ತಿರುಗಿ ಬಂದು ಎಡಗಡೆಗೆ ಎರಡೆರಡು ಸೌಟು ಹಾಕಿದೆ.

ಊಟವಾಗಿ ಎಲ್ಲರೂ ಹರಸುವುದಕ್ಕೆ ಶುರು ಮಾಡಿದಾಗ ನನಗೆ ತಡೆಯಲಾಗಲಿಲ್ಲ. ನಿಜ ಹೇಳಿಬಿಟ್ಟೆ. ಇದು ಹರಿಸೇವೆ ಅಲ್ಲ, ಈ ಎಲೆ ಹಾಕಿದ್ದು ಗೊಬ್ಬರ ಬೀಳಿಸಿ ನೋಡುವುದಕ್ಕೆ, ಗೊಬ್ಬರದ ಚೀಲ ಇನ್ನೂ ಬಿಚ್ಚಿಲ್ಲ, ಭಯ ಬೇಡ ಅಂದೆ. ಹಿರಿಯರು ತಲೆ ತಗ್ಗಿಸಿ ಹೆಗಲ ಟವೆಲ್ಲು ಸರಿ ಮಾಡಿಕೊಂಡರು. ನಿಂಗಜ್ಜಿ ಮಾತ್ರ ಬಾಯಿ ಒರೆಸಿಕೊಂಡು ಎದ್ದಳು.

"ಅದ್ಕೆ ಹಾಕಿದ್ದ ಎಲೇಲಿ ನಾವು ಉಂಡ್ವಾ? ಹಂಗಾರೆ ಈಗ ಅದ್ಕೂ ಒಂದು ಪಂಕ್ತಿ ಹಾಕು. ಅದು ಹೆಂಗೆ ಬಡಿಸ್ತದೆ ನೋಡಾನ."

ಎಲ್ಲರೂ ನಕ್ಕರು. ಉಂಡ ಎಲೆ ತೆಗೆದು, ಕಟ್ಟಿನಲ್ಲಿ ಉಳಿದಿದ್ದ ಹೊಸ ಎಲೆಗಳನ್ನು ಅವರೇ ಸಾಲಾಗಿ ಹಾಕಿ, ಕಲ್ಲಿಟ್ಟು, ನೀರು ಚಿಮುಕಿಸಿ, ಬದುವಿನ ಮೇಲೆ ಹೋಗಿ ನಿಂತರು. ಅಷ್ಟು ಹೊತ್ತಿಗೆ ಗುಂಪಿನ ಸದಸ್ಯರೂ ಬಂದಿದ್ದರು. ಶಿವಣ್ಣ ಟ್ರ್ಯಾಕ್ಟರ್ ಹತ್ತಿದರು. ಚಕ್ರ ತಿರುಗಿತು, ಗೊಬ್ಬರ ಚದುರಿತು, ಗಾಡಿ ಸಾಲಿನ ಇನ್ನೊಂದು ತುದಿಗೆ ಹೋಗಿ ನಿಂತಿತು.

ಬಲಗಡೆಯ ಎಲೆಗಳಲ್ಲಿ ಮುಷ್ಟಿ ತುಂಬ ಗೊಬ್ಬರ. ಎಡಗಡೆಯ ಎಲೆಗಳಲ್ಲಿ ಬೆರಳಲ್ಲಿ ಎಣಿಸುವಷ್ಟು ಕಾಳು.

ಶಿವಣ್ಣ ಇಳಿದು ಬಂದು ನೋಡಿದರು. ಅವರ ಕಣ್ಣಲ್ಲಿ ಜಮಖಾನ ಕಾಣಿಸಿತು. ನನಗೆ ಕೊರಟಗೆರೆಯ ಅಂಗಡಿ, ಅಲ್ಲಿ ಇನ್ನು ಮುಂದೆ ಏನು ತರಿಸಬೇಕು ಅಂತ ಪಟ್ಟಿ ಬರೆಯುತ್ತಾ ಕೂತ ನಮ್ಮನೆಯವರು ಕಾಣಿಸಿದರು. ಊಟ ಹಾಕಿದ ಪುಣ್ಯವನ್ನು ತಗೊಂಡು ಮನೆಗೆ ಹೋಗೋಣ ಅಂತ ನನ್ನ ಗಾಡಿಯ ಕೀಲಿ ಹುಡುಕುತ್ತಿದ್ದೆ.

ನಿಂಗಜ್ಜಿ ಸೊಂಟಕ್ಕೆ ಕೈ ಕೊಟ್ಟುಕೊಂಡು ಎಲೆಗಳ ಉದ್ದಕ್ಕೂ ನಡೆದು ಬಂದಳು. "ಇದ್ಕೂ ಬಲಗಡೇರೇ ನೆಂಟ್ರು" ಅಂದಳು. ಬದುವಿನ ಮೇಲಿದ್ದವರೆಲ್ಲ ಗೊಳ್ಳೆಂದರು. ನನಗೆ ನಗು ಬರಲಿಲ್ಲ. ಅಜ್ಜಿ ಅಲ್ಲಿಗೇ ಬಿಡಲಿಲ್ಲ, ಟ್ರ್ಯಾಕ್ಟರ್ ಹಿಂದೆ ಹೋಗಿ ಒಂದಷ್ಟು ದೂರದಲ್ಲಿ ನಿಂತು, ಕಣ್ಣು ಕಿರಿದು ಮಾಡಿಕೊಂಡು ಡ್ರಮ್ಮನ್ನೇ ನೋಡಿದಳು.

"ನಮ್ಮಟ್ಟಿ ಪಂಕ್ತೀಲಿ ನಲವತ್ತು ವರ್ಷ ಬಡಿಸಿವ್ನಿ ಕಣಮ್ಮ. ನೀನು ಬಕೆಟ್ ವಾಲಿಸ್ಕಂಡು ಬಡಿಸ್ದೆ, ಅನ್ನ ಒಂದೇ ಕಡೆ ಬಿತ್ತು. ನಿನ್ನ ಡ್ರಮ್ಮೂ ವಾಲ್ಕಂಡೈತೆ ನೋಡು."

ಓಡಿಹೋಗಿ ಅವಳ ಪಕ್ಕ ನಿಂತು ನೋಡಿದೆ. ವಾಲಿತ್ತು. ಗೋವಿಂದಾ ಅಂತ ಕೇಳಿದ ಗಾಬರಿಗೆ ಪಿನ್ನೇನೋ ಕೂರಿಸಿದ್ದೆ, ಮಷೀನನ್ನು ಹಿಡಿದಿರುವ ಟ್ರ್ಯಾಕ್ಟರಿನ ಎರಡು ತೋಳುಗಳ ಎತ್ತರ ಸಮ ಇದೆಯಾ ಅಂತ ನೋಡಿರಲಿಲ್ಲ. ಬಲಗಡೆಯ ತೋಳು ನಾಲ್ಕು ಬೆರಳು ಕೆಳಗಿತ್ತು. ಇಷ್ಟು ವರ್ಷ ಮಷೀನು ಮಾರಿದವಳು ನಾನು, ಕಂಡುಹಿಡಿದವಳು ಒಪ್ಪತ್ತಿನ ಅಜ್ಜಿ.

ತೋಳು ತಿರುವಿ ಸಮ ಮಾಡಿದೆವು. ಸಮವಾಯಿತಾ ಅಂತ ನಾನು ಕೇಳಿದ್ದು ಶಿವಣ್ಣನನ್ನಲ್ಲ, ನಿಂಗಜ್ಜಿಯನ್ನು. ಅವಳು ತಲೆಯಾಡಿಸಿದ ಮೇಲೆಯೇ ಎಲೆ ಕೊಡವಿ ಇನ್ನೊಂದು ಸಲ ಓಡಿಸಿದ್ದು. ಈ ಸಲ ಎಡಗಡೆ ಎಲೆ, ಬಲಗಡೆ ಎಲೆ ಅಕ್ಕಪಕ್ಕ ಇಟ್ಟು ನೋಡಿದರೂ ಯಾವುದು ಯಾವ ಕಡೆಯದು ಅಂತ ಗುರುತಾಗಲಿಲ್ಲ. ಶಿವಣ್ಣ ನಾಲ್ಕೈದು ಜೊತೆ ಎಲೆ ಹಾಗೆ ಇಟ್ಟು ನೋಡಿದರು. ಆಮೇಲೆ, ಮಷೀನನ್ನು ವಾಪಸ್ ತಗೊಂಡು ಹೋಗುವುದು ಬೇಡ, ಇಲ್ಲೇ ಇರಲಿ ಅಂದರು. ಅಷ್ಟೇ ಅಂದದ್ದು. ನಾನು ಲಕ್ಷ್ಮಮ್ಮನ ಕೈ ಹಿಡಿದುಕೊಂಡೆ. ಆಯಮ್ಮ ಕೈ ಬಿಡಿಸಿಕೊಂಡು, ಪಾತ್ರೆ ತೊಳೆದುಕೊಟ್ಟು ಹೋಗು ಅಂದಳು.

ಗುಂಪಿನವರು ಆಮೇಲೆ ಇನ್ನೊಂದು ತಗೊಂಡರು. ಮೂರನೆಯದು ಆ ಲಗೇಜ್ ಗಾಡಿಯ ಹಿರಿಯರ ಊರಿಗೇ ಹೋಯಿತು, ಕಡಲೆಕಾಯಿ ಹೊಲಕ್ಕೆ. ನಾಲ್ಕನೆಯದರಲ್ಲಿ ನಮ್ಮನೆಯವರು ಹಟಕ್ಕೆ ನಿಜವಾಗಿಯೂ ರಾಗಿ ತುಂಬಿಸಿದರು. ಬುಡದ ಬಾಗಿಲು ಮುಚ್ಚಿರಲಿಲ್ಲ. ಅರ್ಧ ದಿನ ಅಂಗಡಿಯಲ್ಲಿ ರಾಗಿ ಬಳಿದರು. ಅಂಗಡಿಗೆ ಏನು ತರಿಸಬೇಕು ಅನ್ನುವ ಮಾತು ಅಲ್ಲಿಂದೀಚೆಗೆ ಎತ್ತಿಲ್ಲ.

ಮೊನ್ನೆ ಈ ಶ್ರಾವಣದಲ್ಲಿ ಒಂದು ಶನಿವಾರ ಬೆಳಿಗ್ಗೆ ಶಿವಣ್ಣನ ಫೋನು ಬಂತು. "ಅಕ್ಕಾ, ನಾನು ಎಲೇನೂ ಹಾಕಿಲ್ಲ, ಬ್ಯಾನರೂ ಕಟ್ಟಿಲ್ಲ. ಆದ್ರೂ ಹೋದ ವರ್ಷದೋರೇ ಹೊಲದಾಗೆ ಬಂದು ಕುಂತವ್ರೆ. ನೀನು ಎಲ್ಲಿ ಅಂತ ಕೇಳ್ತಾವ್ರೆ."

ನಮ್ಮನೆಯವರನ್ನೂ ಕರೆದುಕೊಂಡು ಹೋದೆ. ಈ ಸಲ ಸಾರಿನ ಬಕೆಟ್ಟು ಅವರಿಗೆ, ಅನ್ನದ ಬಕೆಟ್ಟು ನನಗೆ. ನಿಂಗಜ್ಜಿ ಹೋದ ವರ್ಷದ ಜಾಗದಲ್ಲೇ ಕೂತಿದ್ದಳು, ಎಡಗಡೆ ಮೊದಲ ಎಲೆ. ಬಕೆಟ್ಟನ್ನು ನೆಟ್ಟಗೆ ಹಿಡಿದು, ಆ ಕಡೆಗೊಂದು ಈ ಕಡೆಗೊಂದು ಅಂತ ಹಾಕುತ್ತಾ ಸಾಲು ಮುಗಿಸಿದೆ. ಮಷೀನು ಮಾರುವಾಗಲೂ ನನ್ನ ಎದೆ ಅಷ್ಟು ಹೊಡೆದುಕೊಂಡಿರಲಿಲ್ಲ.

ಅವಳು ತನ್ನ ಎಲೆ ನೋಡಿದಳು. ಎದುರಿನವರ ಎಲೆ ನೋಡಿದಳು. ಮತ್ತೆ ತನ್ನದನ್ನು ನೋಡಿದಳು.

"ಸಮ ಐತೆ" ಅಂದಳು. "ಈಗ ಸಾರು ಹಾಕಂಗೆ ನಿನ್ನ ಗಂಡಂಗೆ ಹೇಳು. ಅವ್ನೂ ಬಕೆಟ್ ವಾಲಿಸ್ಕಂಡು ಬತ್ತಾವ್ನೆ."