ಹಿಂದಕ್ಕೆ ತೆಗೆದುಕೊಂಡ ದಾವೆ

ಖಾನಾಪುರದ ಹತ್ತಿರ ಅಕ್ಕನಿಗೂ ನನಗೂ ಸೇರಿ ಒಂದು ಗೇರು ತೋಟವಿದೆ, ಅವ್ವನಿಂದ ಬಂದದ್ದು. ತೋಟಕ್ಕೆ ಹೋಗುವ ಹಾದಿಗೆ ಬಾಜು ಹೊಲದವನು ತಂತಿಬೇಲಿ ಹಾಕಿದಾಗ ಅವನ ಮೇಲೆ ದಾವೆ ಹೂಡಿದೆವು. ಅಕ್ಕ ಖಾನಾಪುರದಲ್ಲೇ ಇದ್ದರೂ ಕೋರ್ಟಿನ ಮೆಟ್ಟಿಲು ಹತ್ತಲಾರೆ ಎಂದಳು. ಹಾಗಾಗಿ ಜಿಲ್ಲಾ ಕೇಂದ್ರದ ನೆಹರು ನಗರದಲ್ಲಿ ಒಂದು ಲ್ಯಾಬಿನಲ್ಲಿ ರಕ್ತ ಪರೀಕ್ಷೆ ಮಾಡುವ ನಾನು, ಪ್ರತಿ ತಾರೀಖಿಗೂ ರಜೆ ಹಾಕಿ ಬಸ್ಸು ಹಿಡಿಯುತ್ತಿದ್ದೆ.

ಎರಡು ವರ್ಷ ಕಳೆದ ಮೇಲೆ ಜಮೀನಿನ ಮೋಜಣಿ ಮಾಡಿಸಿದೆವು. ಸರ್ವೆಯರ್ ಸರಪಳಿ ಎಳೆದು ನೋಡಿದರೆ, ಹಾದಿ ಬೇಲಿ ಹಾಕಿದವನ ಜಮೀನಿನಲ್ಲಿ ಇರಲೇ ಇಲ್ಲ. ಅದು ಅವನ ವಿಧವೆ ಚಿಕ್ಕಮ್ಮನ ಹಿಸ್ಸೆಯಲ್ಲಿತ್ತು. ದಾವೆಯಲ್ಲಿ ನಾವು ಬರೆದ ಸರ್ವೆ ನಂಬರು ತಪ್ಪು, ನಕಾಶೆ ತಪ್ಪು. ಆಕೆಯ ಹೆಸರಂತೂ ಎಲ್ಲಿಯೂ ಇಲ್ಲ.

“ಅಕ್ಕಾರ, ದಾವಾ ಹಿಂದಕ್ಕ ತಗೊಳ್ಳೂಣ್ರಿ,” ಎಂದರು ನಮ್ಮ ವಕೀಲರು. “ಸೋತಂಗ ಅಲ್ಲ. ಮತ್ತ ಹಾಕೂ ಹಕ್ಕು ಇಟಗೊಂಡ ತಗೊಳ್ಳೂದು.”

ಸುಮ್ಮನೆ ಹಿಂದಕ್ಕೆ ತೆಗೆದುಕೊಂಡರೆ ಏನಾಗುತ್ತದೆ ಎಂದು ಕೇಳಿದೆ. ಅದೇ ವಿಷಯಕ್ಕೆ ಮತ್ತೆ ಬರಲಾಗದು, ಅದಕ್ಕೇ ಮೊದಲು ಕೋರ್ಟಿನ ಅನುಮತಿ ಬೇಕು ಎಂದರು. ನನಗೆ ಇದು ಸೋಜಿಗವೆನಿಸಿತು. ಲ್ಯಾಬಿನಲ್ಲಿ ನಳಿಕೆಯೊಳಗಿನ ರಕ್ತ ಹೆಪ್ಪುಗಟ್ಟಿದರೆ ಬೇರೆ ರಕ್ತ ಕೊಡಿ ಅನ್ನುತ್ತೇವೆ. ಯಾರ ಅಪ್ಪಣೆಯನ್ನೂ ಕೇಳುವುದಿಲ್ಲ.

ನ್ಯಾಯಾಧೀಶರು ತಿದ್ದುಪಡಿ ಸಾಕಲ್ಲವೇ ಎಂದು ಕೇಳಿದರು. ಎಲ್ಲವನ್ನೂ ತಿದ್ದಿದರೆ ಹಳೆಯ ದಾವೆಯಲ್ಲಿ ಏನೂ ಉಳಿಯುವುದಿಲ್ಲ ಎಂದರು ನಮ್ಮ ವಕೀಲರು. ಎದುರಿನ ವಕೀಲರು ಎರಡು ವರ್ಷ ಸುಮ್ಮನೆ ಅಲೆಸಿದ್ದಾರೆ ಎಂದು ತಕರಾರು ತೆಗೆದರು. ನ್ಯಾಯಾಧೀಶರು ನಕಾಶೆಯನ್ನು ತಿರುಗಿಸಿ ತಿರುಗಿಸಿ ನೋಡಿ, ಈಗ ತೋಟಕ್ಕೆ ಹೇಗೆ ಹೋಗುತ್ತೀರಿ ಎಂದು ನನ್ನನ್ನೇ ಕೇಳಿದರು.

“ಹಳ್ಳ ದಾಟಿ ಹೋಗತೀವ್ರಿ ಸಾಹೇಬ್ರ. ಮಳಿಗಾಲದಾಗ ಹೋಗಾಕ ಆಗಂಗಿಲ್ರಿ.”

ಅನುಮತಿ ಸಿಕ್ಕಿತು.

ಹೊಸ ದಾವೆ ಬರೆಸುವ ಮೊದಲು ಆ ಚಿಕ್ಕಮ್ಮ ಯಾರೆಂದು ನೋಡಬೇಕೆನಿಸಿತು. ಒಂದು ಭಾನುವಾರ ಅಕ್ಕನೂ ನಾನೂ ಹೋದೆವು. ಮರಾಠಿ ಮನೆ, ಆಕೆ ಚಾಪೆ ಹಾಸಿ ಚಹಾ ಕೊಟ್ಟರು. ಕೋರ್ಟು, ದಾವೆ ಯಾವುದೂ ಅವರಿಗೆ ಗೊತ್ತಿರಲಿಲ್ಲ. ನಾವು ತೋಟ ಮಾರಿದ್ದೇವೆ ಎಂದು ಮಗ ಹೇಳಿದ್ದನಂತೆ. ಬೇಲಿ ಹಾಕಿದ ಭಾವನ ಮಗನನ್ನು ಅವರು ಹಾಗೇ ಕರೆಯುತ್ತಿದ್ದರು. ಅಕ್ಕ ನಕಾಶೆ ಹರವಿ ಮರಾಠಿಯಲ್ಲಿ ಎಲ್ಲ ಬಿಡಿಸಿ ಹೇಳಿದಳು. ಆಕೆ ನಕಾಶೆಯನ್ನು ನೋಡಲೇ ಇಲ್ಲ, ನನ್ನ ಮುಖ ನೋಡಿ ಕನ್ನಡದಲ್ಲಿ ಕೇಳಿದರು:

“ಎರಡ ವರ್ಷ ಕೋರ್ಟಿಗೆ ಹ್ವಾದ್ರಿ. ನಮ್ಮ ಮನಿಗೆ ಒಮ್ಮೆರ ಯಾಕ ಬರಲಿಲ್ಲ?”

ನಾನು ನಕಾಶೆಯನ್ನು ಮಡಚಿ ಚೀಲಕ್ಕೆ ಹಾಕಿದೆ. ನಾಚಿಕೆಯಾಯಿತು.

ಆಕೆ ಚಪ್ಪಲಿ ಮೆಟ್ಟಿ ನಮ್ಮೊಂದಿಗೇ ಬೇಲಿಯವರೆಗೆ ನಡೆದರು. ಎಂಟು ದಿನಗಳಲ್ಲಿ ತಂತಿ ಬದಿಗೆ ಸರಿಯಿತು. ಆಕೆ ಬರೆದುಕೊಟ್ಟ ಹಾದಿಯ ಹಕ್ಕಿನ ಪತ್ರವನ್ನು ನೋಂದಣಿ ಮಾಡಿಸುವ ದಿನ ಭಾವನ ಮಗನೇ ಆಕೆಯನ್ನು ಬೈಕಿನಲ್ಲಿ ಕರೆತಂದ. ನಮ್ಮ ಕಡೆ ಮಾತ್ರ ನೋಡಲಿಲ್ಲ.

ಹೊಸ ದಾವೆ ಬೇಕಾಗಲಿಲ್ಲ. ಹೀಗೆ ಅನುಮತಿ ಪಡೆದು ತಿರುಗಿ ಬಾರದವರು ಎಷ್ಟು ಮಂದಿ ಇರಬಹುದು ಎಂದು ವಕೀಲರನ್ನು ಕೇಳಿದೆ. ಬಾರದವರು ಬಹಳ ಮಂದಿ ಇದ್ದಾರೆ, ಆದರೆ ಯಾಕೆ ಬರಲಿಲ್ಲ ಎಂದು ತಾವು ಯಾರನ್ನೂ ಕೇಳಿಲ್ಲ ಎಂದರು.